ಬಿಟ್ಟ ರೀಲು

ತೆರೆಯ ಮೇಲೆ ಗಂಡ ಬಾಗಿಲು ಬಡಿದು ಬಡಿದು ಅಳುತ್ತಿದ್ದ. ಹೆಂಡತಿ ಬಾಗಿಲು ತೆಗೆದಳು. ಅಷ್ಟಕ್ಕೇ ದೀಪಗಳು ಹತ್ತಿದವು. ಇಳಕಲ್ಲಿನ ಟಾಕೀಜಿನಲ್ಲಿ ಆ ಮಧ್ಯಾಹ್ನ ಅಲ್ಲೊಬ್ಬರು ಇಲ್ಲೊಬ್ಬರು ಕೂತಿದ್ದ ಮಂದಿ ಆಕಳಿಸುತ್ತ ಎದ್ದರು.

"ನೋಡಿದಿ? ಅಷ್ಟ ಸಿಟ್ಟಿದ್ದಾಕಿ ಹೆಂಗ ಬಾಗಲಾ ತಗದ್ಳು!" ಎಂದ ಸಚಿನ. "ನಡಿ, ಬಸ್ ಹಿಡಿಯೂಣು."

ಚೇತನಾ ಏಳಲಿಲ್ಲ. ತವರಿಗೆ ಬಂದು ಕೂತ ಹೆಂಡತಿಯನ್ನು ರಮಿಸಿ ಕರೆದೊಯ್ಯಲು ಅವನು ಬೆಳಿಗ್ಗೆ ನವನಗರದಿಂದ ಬಂದಿದ್ದ. ಅಲ್ಲಿ ಕಚೇರಿಗೆ ಹೋಗುವಾಗ ಅವಳನ್ನು ಒಳಗೆ ಬಿಟ್ಟು ಹೊರಗಿನಿಂದ ಬೀಗ ಹಾಕುತ್ತಿದ್ದ. ಸಂಜೆ ಮಲ್ಲಿಗೆ ತರುತ್ತಿದ್ದ. ಪ್ರೀತಿಯಂತೆ! ಥೂ, ಎಂಥ ಹೊಲಸು ಪ್ರೀತಿ. ಹೊಸ ಊರು, ಕಿಟಕಿಯಲ್ಲಿ ನಿಂತು ಕೂಗಿದರೆ ಕೇಳಲು ಖಾಲಿ ಸೈಟುಗಳು. ಈ ಸಿನೆಮಾ ತೆಗೆದವನಿಗೆ ಅದೆಲ್ಲ ಹೇಗೆ ತಿಳಿಯಿತೋ! ಮುಂಬಯಿಯ ಎತ್ತರದ ಮನೆಯಲ್ಲಿ, ನೆರೆಯವರ ಟಿ.ವಿ. ಸದ್ದಿಗಾಗಿ ಗೋಡೆಗೆ ಕಿವಿ ಹಚ್ಚಿ ಕೂತ ಹೆಂಗಸು. ಚೇತನಾ ಕೂಡ ಹಾಗೆ ಕಿವಿ ಹಚ್ಚಿದ್ದಳು, ಆಚೆ ಯಾರೂ ಇಲ್ಲದ ಗೋಡೆಗೆ. ಸಿನೆಮಾದಲ್ಲಿ ಒಂದು ಹಾಡಿಲ್ಲ, ಒಂದು ಸುಳ್ಳಿಲ್ಲ. ಇಂಥದ್ದು ಹೀಗೆ ಮುಗಿದೀತೆ?

"ಬಾಗಲಾ ತಗದಾಗ ಅಕಿ ಕೈಯಾಗ ಚೀಲ ಇತ್ತು," ಎಂದಳು.

"ಯಾವ ಚೀಲಾ?"

ಅವಳಾಗಲೇ ಮಷಿನ್ ಖೋಲಿಯ ಮೆಟ್ಟಿಲು ಹತ್ತುತ್ತಿದ್ದಳು. ಸಿನೆಮಾ ಓಡಿಸುವ ಹುಸೇನಸಾಬ ಅವಳ ತವರಿನ ಓಣಿಯವನೇ.

"ಕಾಕಾ, ಸಿನೆಮಾ ಪೂರಾ ಆತೇನ್ರಿ?"

ಅವನು ತಲೆ ತುರಿಸಿಕೊಂಡ. "ಕೊನೀ ರೀಲ ಬಿಟ್ಟೇವಿ, ತಂಗಿ. ಮೊದಲ್ನೇ ದಿನ ಹಾಕಿದ್ವಿ. ಗಂಡನ್ನ ಬಿಟ್ಟು ಹೋಗೂದು ಎಂಥಾ ಸಿನೆಮಾ ಲೇ ಅಂತ ಮಂದಿ ಕುರ್ಚಿ ಮುರದ್ರು. ಇಬ್ರೂ ಕೂಡೂದ್ರಾಗ ಮುಗಸು ಅಂದ್ರು ಮಾಲಕ್ರು."

"ನನಗ ಹಾಕ್ರಿ."

"ಹುಚ್ಚ ಹಿಡದೈತೇನ್ ನಿನಗ? ಬಸ್ ಹೊಕ್ಕೈತಿ!" ಹಿಂದೆಯೇ ಬಂದ ಸಚಿನ ಅವಳ ರಟ್ಟೆ ಹಿಡಿದ.

ಹುಸೇನಸಾಬ ಆ ಕೈಯನ್ನೇ ನೋಡಿದ. "ಬಿಡ್ರಿ ಅಳಿಯಂದ್ರ," ಎಂದ. "ನೀ ಹೋಗಿ ಕುಂದರ್ ಯವ್ವಾ."

ಖಾಲಿ ಟಾಕೀಜು ಕತ್ತಲಾಯಿತು. ತೆರೆಯ ಹೆಂಗಸು ಗಂಡನನ್ನು ದಾಟಿ, ಮೆಟ್ಟಿಲಿಳಿದು, ಗಿಜಿಗುಡುವ ರಸ್ತೆಗೆ ಬಂದಳು. ಯಾರೂ ಅವಳತ್ತ ತಿರುಗಿ ನೋಡಲಿಲ್ಲ. ಚಹಾದಂಗಡಿಯೊಂದರಲ್ಲಿ ಒಬ್ಬಳೇ ಕೂತು ಬಿಸಿ ಚಹಾ ಊದಿ ಊದಿ ಕುಡಿಯತೊಡಗಿದಳು. ಅಷ್ಟೇ. ಸಿನೆಮಾ ತೆಗೆದವನಿಗೆ ಅಷ್ಟನ್ನೇ ತೋರಿಸುತ್ತಿರಲು ಎಂಥ ಎದೆ ಬೇಕು!

ಟಾಕೀಜಿನ ಬಾಗಿಲಿನ ಪರದೆ ಸರಿಸಿ ಸಚಿನ ಇಣುಕಿದ. ಬಿಸಿಲು ಒಳನುಗ್ಗಿತು.

"ಕಡೀ ಸಲ ಕೇಳತೇನಿ, ಬರ್ತಿಯೋ ಇಲ್ಲೋ?"

"ಇಲ್ರಿ. ನೀವ ಹೋಗ್ರಿ," ಎಂದಳು ಚೇತನಾ, ತಿರುಗದೆ. "ಪರದಿ ಬಿಡ್ರಿ, ಬೆಳಕ ಬೀಳಾಕತ್ತೈತಿ."

ಪರದೆ ಬಿತ್ತು. ಅವಳು ಚಪ್ಪಲಿ ಕಳಚಿ, ಮುಂದಿನ ಕುರ್ಚಿಯ ಬೆನ್ನಿನ ಮೇಲೆ ಎರಡೂ ಕಾಲು ಚಾಚಿದಳು.