ತುಳಸವ್ವ ಕೊಟ್ಟ ಜೋಳ

ಕೃಷ್ಣೆ ಏರಿ ನಾಲ್ಕು ದಿನವಾಗಿತ್ತು. ಹೊಳೆ ದಂಡೆಯ ಊರುಗಳ ಜನರನ್ನು ತಂದು ರಾಯಬಾಗ ರಸ್ತೆಯ ಒಂದು ಶಾಲೆಯಲ್ಲಿ ಇಳಿಸಿದ್ದರು. ಅವರಿಗಾಗಿ ಕಬ್ಬೂರಿನಲ್ಲಿ ಒಂದು ಟೆಂಪೊ ಬೆಳಿಗ್ಗೆಯಿಂದ ಓಣಿ ಓಣಿ ತಿರುಗಿ ಜೋಳ, ರೊಟ್ಟಿ, ಹಾಸಿಗೆ ಕೂಡಿಸುತ್ತಿತ್ತು. ತುಳಸವ್ವನ ಓಣಿಯಲ್ಲಿರುವವರೆಲ್ಲ ಕೂಲಿಯವರು. ಅವರನ್ನೇನು ಕೇಳುವುದು ಎಂದು ಟೆಂಪೊದವರು ಓಣಿಯ ಬಾಯಲ್ಲೇ ಗಾಡಿ ತಿರುಗಿಸಿದಾಗ ಅವಳು ಕೂಗಿ ನಿಲ್ಲಿಸಿದಳು.

"ನಮ್ಮ ಮನ್ಯಾಗೂ ಜ್ವಾಳ ಅದಾವ್ರಿ. ನಿಂದರ್ರಿ."

ಸುಗ್ಗಿಯಲ್ಲಿ ಕೂಲಿಗೆ ಬಂದ ಜೋಳ ಅದು, ಎರಡು ಚೀಲ. ಒಂದನ್ನು ಅವಳೇ ಎಳೆದು ತಂದು ಗಾಡಿಗೆ ಹಾಕಿಸಿದಳು. ಹೆಸರು ಬರೆಯುತ್ತಿದ್ದವನಿಗೆ "ಹೆಸರ ಯಾಕ್ ಬೇಕ್ರಿ?" ಎಂದು ನಕ್ಕಳು. ಹಿಂದಿನ ನೆರೆಯಲ್ಲಿ ಅವಳ ತವರಿನವರೂ ಹೀಗೇ ಶಾಲೆಯೊಂದರ ಹಾಸುಗಲ್ಲಿನ ಮೇಲೆ ಕೂತು, ಯಾರೋ ಕೊಟ್ಟ ರೊಟ್ಟಿ ತಿಂದಿದ್ದರು. ಇವತ್ತು ತನ್ನದೂ ಕೊಡುವ ಕೈಯಾಯಿತಲ್ಲ ಎಂಬ ಹಿಗ್ಗಿನಲ್ಲಿ ಅವಳು ಅಂಗಳ ಗುಡಿಸಿದಳು.

ಗಂಡ ದಶರಥ ಹೊಲದಿಂದ ಬಂದಾಗ ಹತ್ತು ಗಂಟೆ ದಾಟಿತ್ತು. ಜೋಳದ ಚೀಲವಿಟ್ಟ ಮೂಲೆ ನೋಡಿದ.

"ಗ್ವಾಡಿ ಕಡೆ ಇದ್ದ ಚೀಲ ಎಲ್ಲೈತಿ?"

"ನೆರಿ ಬಂದವ್ರಿಗೆ ಕೊಟ್ಟು ಕಳಿಸೀನ್ರಿ."

ದಶರಥ ಗಕ್ಕನೆ ತಿರುಗಿದ. "ಅದರಾಗ ಮೊನ್ನೆ ಹುಳ ಹತ್ತಬಾರದಂತ ವಿಷದ ಗುಳಗಿ ಇಟ್ಟಿದ್ನಲ್ಲ, ತುಳಸಾ. ಅರಿವ್ಯಾಗ ಕಟ್ಟಿ, ಎರಡು ಗಂಟು. ನೀ ಕೂಲಿಗೆ ಹೋಗಿದ್ದಿ."

ಹೋದ ವರ್ಷ ಪಕ್ಕದ ಮನೆಯ ಲಕ್ಕವ್ವನ ಮೂರು ಆಡುಗಳು ಅಂಥದೇ ಗುಳಿಗೆ ಬೆರೆತ ಕಾಳು ತಿಂದಿದ್ದವು. ಮಧ್ಯಾಹ್ನದೊಳಗೆ ಮೂರೂ ಕಾಲು ಚಾಚಿ ಬಿದ್ದಿದ್ದವು. ಅವುಗಳ ಬಾಯಿಂದ ಬರುತ್ತಿದ್ದ ಕೊಳೆತ ಬೆಳ್ಳುಳ್ಳಿಯ ವಾಸನೆ ಈಗ ತುಳಸವ್ವನ ಮೂಗಿಗೆ ಬಡಿದಂತಾಯಿತು.

ಟೆಂಪೊ ನಡೆಸುವ ಸುಹಾಸನಿಗೆ ದಶರಥ ಫೋನ್ ಹಚ್ಚಿದ. ಅದು ಬಂದ್ ಆಗಿತ್ತು. ಮತ್ತೆ ಹಚ್ಚಿದ. ಇನ್ನೂ ಬಂದ್ ಇತ್ತು. ಕೊನೆಗೆ ಫೋನ್ ಕೆಳಗಿಟ್ಟು ಮೆಲ್ಲಗೆ ಅಂದ: "ಹೆಸರ ಬರಿಸಿಲ್ಲಲ್ಲ? ಹಂಗಾದ್ರ ಸುಮ್ಮನಿರು. ಏನರ ಆತಂದ್ರ ಬೇಕಂತ ಮಾಡ್ಯಾರ ಅಂತಾರ. ನಮ್ಮ ಮಾತ ಯಾರ ಕೇಳ್ತಾರ?"

ಅವನು ಹೇಳಿದ್ದು ಸುಳ್ಳಲ್ಲ ಎಂದು ಅವಳಿಗೆ ಗೊತ್ತಿತ್ತು. ಪೊಲೀಸರು, ಊರ ಹಿರಿಯರು, ಸತ್ತ ಮಗುವನ್ನು ಎತ್ತಿಕೊಂಡು ಬಂದ ತಾಯಿ, ಎಲ್ಲರೂ ತನ್ನ ಅಂಗಳದಲ್ಲಿ ನಿಂತಂತೆ ಕಂಡಿತು. ಆದರೂ ತಲೆಯ ಮೇಲೆ ಗೊಬ್ಬರದ ಖಾಲಿ ಚೀಲ ಹಾಕಿಕೊಂಡು ಮಳೆಯಲ್ಲಿ ಹೊರಬಿದ್ದಳು. ದಶರಥ ಹಿಂದಿನಿಂದ ಕೂಗಿದ. ಅವಳು ತಿರುಗಲಿಲ್ಲ.

ಅರ್ಧ ದಾರಿಗೆ ಹಾಲಿನ ಗಾಡಿಯ ಜಿನೇಂದ್ರ ಹತ್ತಿಸಿಕೊಂಡ. ಏನೆಂದು ಕೇಳಿದ; ಬೇಗ ಶಾಲೆಗೆ ಬಿಡು ಎಂದಷ್ಟೇ ಅಂದಳು. ಶಾಲೆ ಇನ್ನೊಂದು ಮೈಲಿ ಇರುವಾಗ ಹಳ್ಳದ ನೀರು ರಸ್ತೆಯ ಮೇಲೆ ಕೆಂಪಗೆ ಹರಿಯುತ್ತಿತ್ತು.

"ಗಾಡಿ ಹೋಗೂದಿಲ್ಲ, ಅಕ್ಕಾ. ನೀರ ಇಳಿಯೋತನಕ ಕೂಡು."

ಅವಳು ಕೂರಲಿಲ್ಲ. ರಸ್ತೆ ಬದಿಯ ಕಲ್ಲುಗಳ ಗುರುತು ಹಿಡಿದು ನೀರಿಗಿಳಿದಳು. ಮೊದಲು ಮೊಣಕಾಲು, ಆಮೇಲೆ ತೊಡೆ. ನಡುವೆ ಒಮ್ಮೆ ಕಾಲ ಕೆಳಗಿನ ಡಾಂಬರೇ ಇಲ್ಲದಂತಾಗಿ ಮೈ ವಾಲಿತು. ಹಿಂದೆ ಜಿನೇಂದ್ರ ಚೀರಿದ್ದು ಕೇಳಿಸಿತು. ಕೈಗೆ ಸಿಕ್ಕ ಕಲ್ಲನ್ನು ಅಪ್ಪಿಕೊಂಡು ನಿಂತು, ಉಸಿರು ಬಂದ ಮೇಲೆ ಮತ್ತೆ ಹೆಜ್ಜೆ ಇಟ್ಟಳು. ತಾನು ಕೊಚ್ಚಿಹೋದರೆ ವಿಷದ ಮಾತು ಹೇಳುವವರೇ ಇಲ್ಲ ಎಂಬುದೊಂದೇ ಆಗ ತಲೆಯಲ್ಲಿತ್ತು.

ಶಾಲೆಯ ಪಡಸಾಲೆಯಲ್ಲಿ ಹೆಂಗಸರು ಸಾಲಾಗಿ ಕೂತು ರೊಟ್ಟಿ ಬಡಿಯುತ್ತಿದ್ದರು. ಅಡುಗೆ ನೋಡಿಕೊಳ್ಳುವ ಅಕ್ಕುತಾಯಿ ಹಂಚಿನ ಮುಂದಿದ್ದಳು.

"ಮುಂಜಾನೆ ಕಬ್ಬೂರಿಂದ ಬಂದ ಜ್ವಾಳ ಎಲ್ಲಿ ಅದಾವ್ರಿ?"

"ಗಿರಣಿಗೆ ಹೋಗಿ ಹಿಟ್ಟಾಗಿ ಬಂತಲ್ಲ ತಂಗಿ. ಬಡಿಯಾಕತ್ತಿದ್ದು ಅದನ್ನ."

ಒಳಗಿನ ಕೋಣೆಯಲ್ಲಿ ಮೊದಲ ಪಂಕ್ತಿಗೆ ಮಕ್ಕಳನ್ನು ಕೂರಿಸಿದ್ದರು. ತುಳಸವ್ವ ಓಡಿದಳು. ಬಾಗಿಲ ಬಳಿಯ ಹುಡುಗಿಯ ಕೈಗೆ ಹೊಡೆದು ರೊಟ್ಟಿ ಬೀಳಿಸಿದಳು. ಪಕ್ಕದವಳ ತಾಟು ಕಸಿದಳು. ಮಕ್ಕಳು ಕಿರುಚಿದವು. ಯಾರೋ ಅವಳ ರಟ್ಟೆ ಹಿಡಿದು ಎಳೆದರು.

"ತಿನಬ್ಯಾಡ್ರಿ! ಜ್ವಾಳದಾಗ ವಿಷದ ಗುಳಗಿ ಅದಾವು. ನಾನ ಕೊಟ್ಟಾಕಿ. ಗೊತ್ತಿರಲಿಲ್ರಿ ನನಗ!"

ರೊಟ್ಟಿ ಬಡಿಯುವ ಸದ್ದು ನಿಂತಿತು. ಮರುಕ್ಷಣ ತಾಯಂದಿರು ತಮ್ಮ ತಮ್ಮ ಮಕ್ಕಳ ಬಾಯಿಗೆ ಬೆರಳು ಹಾಕತೊಡಗಿದರು. ಗಂಡಸೊಬ್ಬ ತುಳಸವ್ವನ ಮೇಲೆ ಏರಿ ಬಂದ: "ಮನಿ ಹೊಳ್ಯಾಗ ಹೋಗೇತಿ, ಈಗ ಮಕ್ಕಳನ್ನೂ ತಗೀಬೇಕಂತ ಮಾಡೀ ಏನ?" ಅಕ್ಕುತಾಯಿ ಹಿಟ್ಟಿನ ಕೈಯಲ್ಲೇ ಅವನ ಎದೆಗೆ ಅಡ್ಡ ನಿಂತಳು. "ಹೇಳಾಕ ಬಂದಾಕಿನ್ನ ಹೊಡಿತೀಯೇನೋ? ಹಿಂದ ಸರಿ."

ಶಾಲೆಯಲ್ಲೇ ಇದ್ದ ನರ್ಸ್ ಸರಿತಾ ಮಕ್ಕಳನ್ನು ಒಂದು ಕಡೆ ಕೂರಿಸಿ ಡಾಕ್ಟರಿಗೆ ಫೋನ್ ಮಾಡಿದಳು. ಒಂಬತ್ತು ಮಕ್ಕಳು ರೊಟ್ಟಿ ಮುರಿದು ತಿಂದಿದ್ದವು. ಅಷ್ಟರಲ್ಲಿ ಗಿರಣಿಯ ಮಲಕಾರಿಯನ್ನು ಕರೆತಂದರು.

"ಚೀಲ ಸುರುವುವಾಗ ಒಂದ ಅರಿವಿ ಗಂಟು ಸಿಕ್ಕಿತ್ರಿ. ತಗದು ಹೊರಗ ಒಗದೇನಿ."

ಜನ ಉಸಿರು ಬಿಟ್ಟರು. ತುಳಸವ್ವನಿಗೆ ಮಾತ್ರ ಬಿಡಲಾಗಲಿಲ್ಲ. ಇಲ್ಲಿಗೇ ಸುಮ್ಮನಾದರೆ ಎಲ್ಲರೂ ತನ್ನನ್ನು ಬಿಟ್ಟುಬಿಡುತ್ತಾರೆ ಎಂದು ಮನಸ್ಸು ಒಂದು ಗಳಿಗೆ ಅಂದಿತು.

"ಎರಡ ಗಂಟ ಇದ್ದುವ್ರಿ," ಅಂದಳು. ದನಿ ಅವಳಿಗೇ ಕೇಳಿಸಲಿಲ್ಲ. ಮತ್ತೆ ಅಂದಳು.

ಮಲಕಾರಿಯ ಮುಖ ಇಳಿಯಿತು. ಎರಡನೆಯದನ್ನು ಅವನು ನೋಡಿರಲಿಲ್ಲ. ಆದರೆ ಚೀಲದ ತಳದ ಜೋಳ ಇನ್ನೂ ಉಳಿದಿತ್ತು; ಬೀಸುವಾಗ ನಡುವೆ ಕರೆಂಟು ಹೋಗಿತ್ತು. ಮಕ್ಕಳನ್ನು ಸರಿತಾಳಿಗೆ ಬಿಟ್ಟು ಉಳಿದವರು ಗಿರಣಿಗೆ ಹೋದರು. ತಾಡಪತ್ರಿಯ ಮೇಲೆ ಜೋಳ ಸುರಿದು, ಮೂಗಿಗೆ ಬಟ್ಟೆ ಕಟ್ಟಿಕೊಂಡ ಮಲಕಾರಿ ಕೋಲಿನಿಂದ ಸರಿಸತೊಡಗಿದ. ತುಳಸವ್ವ ಗೋಡೆಗೆ ಒರಗಿ ಕಣ್ಣು ಮುಚ್ಚಿದಳು. ಕಾಳು ಸರಿಯುವ ಸಪ್ಪಳ ಎಷ್ಟು ಹೊತ್ತಾದರೂ ಮುಗಿಯಲಿಲ್ಲ.

"ಸಿಕ್ತು!"

ಬಟ್ಟೆಯ ಗಂಟು ಬಿಚ್ಚಿರಲಿಲ್ಲ. ಗುಳಿಗೆ ಉದುರಿ ಆದ ಬೂದಿ ಒಳಗೇ ಇತ್ತು. ತುಳಸವ್ವ ಹೊರಳಿ ಮಕ್ಕಳಿದ್ದ ಶಾಲೆಯ ಕಡೆ ನಡೆದಳು.

ಡಾಕ್ಟರು ಹಳ್ಳ ಇಳಿದ ಮೇಲೆ ಬಂದರು. ಮಕ್ಕಳನ್ನು ಸಂಜೆಯವರೆಗೆ ನೋಡಬೇಕು, ಗಂಟು ಬಿಚ್ಚದಿದ್ದರೂ ಹಿಟ್ಟನ್ನೆಲ್ಲ ಹುಗಿಯಬೇಕು ಎಂದರು. ಅವಳ ಜೋಳದ ಜೊತೆ ಬೇರೆ ಆರು ಮನೆಯವರದೂ ಒಟ್ಟಿಗೇ ಬೀಸಿ ಬಂದಿತ್ತು. ಅದೆಲ್ಲವನ್ನೂ ಶಾಲೆಯ ಹಿಂದೆ ಗುಂಡಿ ತೆಗೆದು ಸುರಿದರು. ಹಸಿದ ಜನ ಸುತ್ತ ನಿಂತು ನೋಡಿದರು. ಆ ನೋಟ ಕಂಡು ಅವಳಿಗೆ ಹಳ್ಳದ ನೀರಿಗಿಂತ ಹೆಚ್ಚು ಭಯವಾಯಿತು.

ಮೂರು ಗಂಟೆಯ ಹೊತ್ತಿಗೆ ಸಣ್ಣ ಹುಡುಗಿಯೊಬ್ಬಳು ವಾಂತಿ ಮಾಡಿಕೊಂಡಳು. ತುಳಸವ್ವ ಎದ್ದು ನಿಂತಳು, ಹತ್ತಿರ ಹೋಗುವ ಧೈರ್ಯವಾಗಲಿಲ್ಲ. ಸರಿತಾ ಕೂಸಿನ ನಾಡಿ, ಕಣ್ಣು ನೋಡಿದಳು. "ಅವರವ್ವ ಗಂಟಲಾಗ ಬೆರಳ ಹಾಕಿ ಹಾಕಿ ಹಿಂಗಾಗೇತಿ. ಹೆದರಬ್ಯಾಡ್ರಿ," ಅಂದಳು. ಆದರೂ ಆ ಹುಡುಗಿ ಎದ್ದು ಆಡತೊಡಗುವವರೆಗೆ ತುಳಸವ್ವ ಕದಲಲಿಲ್ಲ.

ಅಷ್ಟರಲ್ಲಿ ಚಿಕ್ಕೋಡಿಯಿಂದ ಬೇರೆ ಹಿಟ್ಟು ಬಂತು. ಅದರ ಗಾಡಿಯಿಂದಲೇ ದಶರಥ ಇಳಿದ. ಸೊಂಟದವರೆಗೆ ಕೆಸರು. ಹೆಂಡತಿಯ ಕಡೆ ನೋಡಲಾರದೆ ನೇರ ಜನರ ನಡುವೆ ಹೋಗಿ ನಿಂತ.

"ಗುಳಗಿ ಇಟ್ಟಾಂವ ನಾನ್ರಿ. ಆಕಿಗೆ ಹೇಳಿರಲಿಲ್ಲ. ಅಂಜಿ ಮನ್ಯಾಗ ಕುಂತಿದ್ದೆ. ಬೈಯ್ಯೂದಿದ್ರ ನನಗ ಬೈರಿ."

ಜನ ಅವನನ್ನು ಬಿಟ್ಟು ಹಿಟ್ಟಿನ ಚೀಲ ಇಳಿಸಲು ಗಾಡಿಯ ಕಡೆ ನಡೆದರು. ಅಕ್ಕುತಾಯಿ ಮಾತ್ರ ತುಳಸವ್ವನ ಕಡೆ ಹೊರಳಿ, "ರೊಟ್ಟಿ ಬಡಿಯಾಕ ಕೈ ಸಾಲವಲ್ವು, ಬಾ," ಅಂದಳು.

ತುಳಸವ್ವ ಕೈ ತೊಳೆದು ಸಾಲಿನ ಕೊನೆಗೆ ಕೂತಳು. ಪಕ್ಕದವಳು ತನ್ನ ಹಿಟ್ಟಿನ ಪರಾತವನ್ನು ಅತ್ತ ಸರಿಸಿಕೊಂಡಳು. ತುಳಸವ್ವ ಹಿಟ್ಟು ಮುಟ್ಟುವ ಮೊದಲು ಬೊಗಸೆಯಲ್ಲಿ ಎತ್ತಿ ಮೂಸಿದಳು. ಸಾಲದೆ ಬೆರಳಿನಿಂದ ಕೆದಕಿ ಕೆದಕಿ ನೋಡಿದಳು. ಮೊದಲ ರೊಟ್ಟಿ ಬೆಂದಾಗ ಅದರ ತುಂಡೊಂದನ್ನು ತಾನೇ ಬಾಯಿಗೆ ಹಾಕಿಕೊಂಡು, ನುಂಗಿ, ತನಗೇನಾದರೂ ಆಗುತ್ತದೋ ಎಂದು ಕಾದಳು. ಆಮೇಲೆ ಎರಡನೆಯದನ್ನು ಬಡಿಯತೊಡಗಿದಳು.