ತುಂಗಾಳ ಕೇಸು ಸಾಗರಕ್ಕೆ ಬಂತು

ನಮ್ಮ ತುಮರಿ ಕಡೆಯವರಿಗೆ ಒಂದು ಅಭ್ಯಾಸ. ಹಿನ್ನೀರು ದಾಟಲು ಲಾಂಚ್ ಕಾದು, ಬಸ್ಸಿನಲ್ಲಿ ನಿಂತು, ಸೊಂಟ ಮುರಿದುಕೊಂಡು ನೆಂಟರ ಮನೆ ತಲುಪಿರುತ್ತೇವೆ. "ದಾರೀಲಿ ತೊಂದ್ರೆ ಆಯ್ತಾ?" ಎಂದು ಕೇಳಿದರೆ ಮಾತ್ರ, "ಎಂತ ಇಲ್ಲ, ಆರಾಮಾಗಿ ಬಂದ್ವಿ" ಎನ್ನುತ್ತೇವೆ. ನೆಂಟರ ಮನೆಗೆ ಅದು ಚೆಂದ. ವಕೀಲರ ಮುಂದೆಯೂ ಹಾಗೇ ಹೇಳಿದರೆ? ನಾನು ವರದಮ್ಮ, ತುಂಗಾಳ ತವರಿನ ಪಕ್ಕದ ಮನೆಯವಳು, ಅದನ್ನೂ ಕಣ್ಣಾರೆ ಕಂಡೆ.

ತುಂಗಾ ಹೆರಿಗೆಗೆಂದು ತವರಿಗೆ ಬಂದವಳು. ಗಂಡ ಶೇಷಪ್ಪ ಮೈಸೂರಿನಲ್ಲಿ ಮಿಲ್ ಕೆಲಸಗಾರ. ಮಗುವನ್ನು ನೋಡಲೂ ಬರಲಿಲ್ಲ, ಇವಳನ್ನು ಕರೆಯಲೂ ಬರಲಿಲ್ಲ. ಮಗು ಓಡಾಡುವಷ್ಟು ದೊಡ್ಡದಾದ ಮೇಲೆ ಬಂದದ್ದು ಮೈಸೂರು ಕೋರ್ಟಿನ ಸಮನ್ಸ್. ಹೆಂಡತಿ ತನ್ನನ್ನು ಬಿಟ್ಟು ಹೋಗಿದ್ದಾಳೆ, ವಿಚ್ಛೇದನ ಬೇಕು ಅಂತ ಅವನ ಅರ್ಜಿ!

"ನಾನು ಬಿಟ್ಟು ಬಂದವಳಾ ಅಕ್ಕಾ? ಅಲ್ಲ ಅಂತ ಕೋರ್ಟಲ್ಲಿ ಹೇಳ್ಬೇಕು ನಂಗೆ" ಎಂದು ತುಂಗಾ ಅತ್ತಳು. ನನಗೆ ಮೈಯೆಲ್ಲ ಉರಿದುಹೋಯಿತು.

ಮೊದಲ ಸಲ ಮೈಸೂರಿಗೆ ಮಗು ಕಟ್ಟಿಕೊಂಡು ಒಬ್ಬಳೇ ಹೋಗಿ ಬಂದಳು. ಎರಡನೇ ಸಲ ಗಾಳಿ ಜೋರಾಗಿ ಲಾಂಚೇ ಬಿಡಲಿಲ್ಲ. ಅವಳ ತಾಯಿ ದುಗ್ಗಮ್ಮ, "ಇನ್ನು ಹೋಗೋದೇ ಬೇಡ ಬಿಡು. ನೀ ಹೋಗ್ದಿದ್ರೆ ಕೇಸು ತಂತಾನೇ ಬಿದ್ದು ಹೋಗ್ತದೆ" ಅಂದಳು.

"ಬೀಳೋದು ಕೇಸಲ್ಲ ದುಗ್ಗಕ್ಕಾ, ನಿನ್ನ ಮಗಳು!" ಅಂದೆ. "ಇವಳು ಹೋಗ್ದಿದ್ರೆ ಅವನ ಮಾತೊಂದೇ ಕೇಳಿ ತೀರ್ಪು ಕೊಟ್ಬಿಡ್ತಾರೆ. ಏಳಿ, ಸಾಗರಕ್ಕೆ ಹೋಗೋಣ."

ಸಾಗರದ ಉಚಿತ ಕಾನೂನು ನೆರವಿನ ಶಿಬಿರದಲ್ಲಿ ನನಗೆ ಪರಿಚಯವಾಗಿದ್ದ ವಕೀಲೆ ವಾಗ್ದೇವಿ ಎಲ್ಲ ಕೇಳಿಸಿಕೊಂಡರು.

"ಕೇಸನ್ನ ಸಾಗರದ ಕೋರ್ಟಿಗೆ ವರ್ಗ ಮಾಡಿ ಅಂತ ಹೈಕೋರ್ಟಿಗೆ ಅರ್ಜಿ ಹಾಕ್ಬಹುದು. ಮೈಸೂರಿಗೆ ಹೋಗ್ಬರೋದು ಕಷ್ಟ ಆಗ್ತದಾ?"

ದುಗ್ಗಮ್ಮ ಸೆರಗು ಸರಿಮಾಡಿಕೊಂಡು, "ಎಂತ ಕಷ್ಟನೂ ಇಲ್ಲಮ್ಮ, ನಮ್ಗೆಲ್ಲ ಅಭ್ಯಾಸ" ಎಂದುಬಿಟ್ಟಳು! ತುಂಗಾ ಕೂಡ ತಲೆಯಾಡಿಸಿದಳು.

ವಾಗ್ದೇವಿ ಪೆನ್ನು ಕೆಳಗಿಟ್ಟರು. "ಕಷ್ಟವೇ ಇಲ್ಲ ಅಂದ್ರೆ ಅರ್ಜೀಲಿ ಎಂತ ಬರೀಲಿ?"

ನನಗೆ ತಡೆಯಲಿಲ್ಲ. "ದುಗ್ಗಕ್ಕಾ, ನಾವೇನು ಇಲ್ಲಿಗೆ ಕಾಫಿ ಕುಡಿಯೋಕೆ ಬಂದಿದ್ದಾ? ಮರ್ಯಾದೆ ಎಲ್ಲಾ ಆಮೇಲೆ. ತುಂಗಾ, ನೀನೇ ಹೇಳು. ಮೈಸೂರಲ್ಲಿ ಎಲ್ಲಿ ಉಳ್ಕೊಂಡಿದ್ದೆ?"

ತುಂಗಾ ನೆಲ ನೋಡುತ್ತಾ ಹೇಳಿದಳು: "ಬಸ್ ಸ್ಟ್ಯಾಂಡಲ್ಲಿ. ಮಗೂಗೆ ಜ್ವರ ಕೆಂಡದಂಗೆ ಇತ್ತು. ಯಾರೋ ಒಬ್ಬ ಪಕ್ಕಕ್ಕೇ ಬಂದು ಬಂದು ಕೂರ್ತಿದ್ದ. ಮಲಗೋಕೆ ಹೆದ್ರಿಕೆ ಆಯ್ತು. ಅಮ್ಮಂಗೆ ಹೇಳಿರ್ಲಿಲ್ಲ."

ದುಗ್ಗಮ್ಮ ಮಗಳ ಕೈ ಗಟ್ಟಿಯಾಗಿ ಹಿಡಿದುಕೊಂಡಳು. ಆಮೇಲೆ ಬಾಯಿ ಬಿಟ್ಟಳು ನೋಡಿ!

"ಬರೀರಿ ಅಮ್ಮಾ. ಎಲ್ಲಾ ಬರೀರಿ. ಲಾಂಚ್ ನಿಲ್ಲೋದು ಬರೀರಿ. ಜೊತೆಗೆ ಹೋಗೋಕೆ ಗಂಡು ದಿಕ್ಕಿಲ್ಲ ಅಂತ ಬರೀರಿ. ಇವಳಿಗೆ ದುಡಿಮೆ ಇಲ್ಲ, ಮಗು ಸಣ್ಣದು. ಬರ್ಕೊಂಡ್ರಾ?"

ವಾಗ್ದೇವಿ ನಕ್ಕರು. "ಬರ್ಕೊಂಡೆ. ಇಂಥದ್ದೇ ಬೇಕಿತ್ತು. ಆದ್ರೆ ಒಂದು ಮಾತು. ಗಂಡನ ಕಡೆಯ ಮಾತನ್ನೂ ಕೇಳಿಯೇ ಹೈಕೋರ್ಟು ತೀರ್ಮಾನ ಮಾಡೋದು. ಆದೇಶ ಬರೋ ತನಕ ಮೈಸೂರಿನ ಕೇಸು ಬಿಡೋ ಹಾಗಿಲ್ಲ. ಅಲ್ಲಿ ನಿಮ್ಮ ಪರವಾಗಿ ವಕೀಲರು ಹಾಜರಾಗೋ ಹಂಗೆ ನಾನು ವ್ಯವಸ್ಥೆ ಮಾಡ್ತೀನಿ."

ಕೆಲವು ತಿಂಗಳು ಹಿಡಿಯಿತು. ಅರ್ಜಿ ಗೆದ್ದಿತು, ಕೇಸು ಸಾಗರಕ್ಕೆ ಬಂತು. ಶೇಷಪ್ಪನೇ ಮೈಸೂರಿನಿಂದ ಬಸ್ಸು ಹತ್ತಬೇಕಾಯಿತು. ಹತ್ತಲಿ!

ಸಾಕ್ಷಿ ಹೇಳುವ ದಿನ ಮಗುವನ್ನು ಅಜ್ಜಿಯ ತೊಡೆಗೆ ಹಾಕಿ ತುಂಗಾ ಕಟಕಟೆ ಹತ್ತಿದಳು. "ನಾನು ಬಿಟ್ಟು ಬಂದವಳಲ್ಲ ಸ್ವಾಮಿ. ಹೆರಿಗೆಗೆ ಬಂದೆ. ಕರೀತಾರೆ ಅಂತ ಕಾದೆ" ಎಂದಳು. ದನಿ ನಡುಗಲಿಲ್ಲ. ಕೊನೆಯ ಬೆಂಚಿನಲ್ಲಿದ್ದ ನಮಗೂ ಸ್ಪಷ್ಟವಾಗಿ ಕೇಳಿಸಿತು. ದುಗ್ಗಮ್ಮ ಅಳುತ್ತಲೇ ನಗುತ್ತಿದ್ದಳು.

ಸಾಗರ, ಹೊಸನಗರ, ತೀರ್ಥಹಳ್ಳಿಯ ಅಕ್ಕತಂಗಿಯರೇ, ದೂರದ ಕೋರ್ಟಿನಿಂದ ಸಮನ್ಸ್ ಬಂದರೆ ಮುಚ್ಚಿಡಬೇಡಿ, ಹೋಗದೆ ಕೂರಬೇಡಿ. ಕೇಸನ್ನು ಹತ್ತಿರಕ್ಕೆ ತರಿಸಿಕೊಡಿ ಎಂದು ಕೇಳುವುದು ನಿಮ್ಮ ಹಕ್ಕು. ಉಚಿತ ಕಾನೂನು ನೆರವು ಕೇಳಿ. ನೆಂಟರ ಮನೆಯಲ್ಲಿ ಬೇಕಾದರೆ ಏನಾದರೂ ಹೇಳಿಕೊಳ್ಳಿ. ವಕೀಲರು ಕಷ್ಟ ಇದೆಯಾ ಎಂದು ಕೇಳಿದಾಗ ಮಾತ್ರ, ದಮ್ಮಯ್ಯ, "ಆರಾಮಾಗಿ ಬಂದ್ವಿ" ಎನ್ನಬೇಡಿ.