ಅರ್ಧಕ್ಕೆ ಬಿಟ್ಟ ಅಮ್ಮ

ಶಿಷ್ಯೆಯರು ದೊಡ್ಡಮ್ಮ ಎಂದು ಕರೆಯುವ ಮಾಟಗಾತಿ, ಕಥೆ ಕಲಿಯಲು ಬಂದವರಿಗೆ ಮೊದಲ ದಿನವೇ ಕಿವಿ ಹಿಂಡಿ ಹೇಳುವುದು ಒಂದೇ ಮಾತು: ಬಾಯಿಬಿಟ್ಟು ಶುರುಮಾಡಿದ ಕಥೆಯನ್ನು ಮುಗಿಸದೆ ಏಳಬಾರದು. ಎದ್ದರೆ ಕಥೆಯೊಳಗಿನವರು ಮನೆಯಲ್ಲೇ ಉಳಿದುಬಿಡುತ್ತಾರೆ. ಹಿಂದೊಮ್ಮೆ ಯಾರೋ ಅರ್ಧಕ್ಕೆ ಬಿಟ್ಟ ರಾಕ್ಷಸನೊಬ್ಬ ಹದಿನೈದು ದಿನ ಬಚ್ಚಲುಮನೆಯಲ್ಲಿ ಠಿಕಾಣಿ ಹೂಡಿ ಎಲ್ಲರ ಪ್ರಾಣ ತಿಂದಿದ್ದ.

ಈ ಸಲ ಅಡುಗೆಮನೆಯ ಕಿಟಕಿಯ ಪಕ್ಕ ಕೂತಿದ್ದವಳು ಹಿರಿಯ ಶಿಷ್ಯೆಯ ಅಮ್ಮ. ಅವಳು ತೀರಿಕೊಂಡು ಆರು ವರ್ಷವಾಗಿತ್ತು. ಸೋಮವಾರದ ಪಾಠದಲ್ಲಿ ಹಿರಿಯವಳು ಕೋಟಿಗೆ ಗುಂಡಿ ಹೊಲಿಯುವ ಹೆಂಗಸೊಬ್ಬಳ ಕಥೆ ತೆಗೆದಿದ್ದಳು. ಅಮ್ಮ ಕಣ್ಣೆದುರು ಬಂದು ಕೂತದ್ದೇ ತಡ, ಮಗಳು ಬಾಯಿಗೆ ಬೀಗ ಹಾಕಿಕೊಂಡಳು. ಮುಂದಿನದು ಮರೆತುಹೋಯಿತು ಅಂದಳು. ಮಾಟಗಾತಿಯ ಕಿವಿಗೆ ಹೂವಿಡುವುದು ಅಷ್ಟು ಸುಲಭವಲ್ಲ. ಆದರೂ ಆ ಹುಡುಗಿಯ ಮೇಲೆ ಅವಳಿಗೆ ಪ್ರೀತಿ ಒಂದು ತೂಕ ಜಾಸ್ತಿ; ಮೂರು ದಿನ ಕಂಡೂ ಕಾಣದಂತೆ ಇದ್ದಳು.

ಮೂರು ದಿನವೂ ಅಮ್ಮ ಅದೇ ಗುಂಡಿ ಹೊಲಿದಳು. "ಊಟ ಆಯ್ತಾ, ಪುಟ್ಟಿ?" ಅನ್ನುತ್ತಿದ್ದಳು. ಆಯ್ತು ಅಂದರೆ ಮತ್ತೆ ಅದನ್ನೇ ಕೇಳುತ್ತಿದ್ದಳು. ಮಗಳು ಪಕ್ಕದಲ್ಲಿ ಕೂತು ತನ್ನ ನೆಗಡಿ, ಕೆಟ್ಟುಹೋದ ಸೈಕಲ್ಲು, ಆರು ವರ್ಷದ ಸುದ್ದಿಯನ್ನೆಲ್ಲ ಒಪ್ಪಿಸುತ್ತಿದ್ದಳು. ಗುರುವಾರ ಬೆಳಿಗ್ಗೆ ಅಮ್ಮನ ಬೆರಳ ತುದಿಯಲ್ಲಿ ರಕ್ತ ಕಂಡಿತು.

"ಇವತ್ತು ಮುಗಿಸು," ಅಂದಳು ಮಾಟಗಾತಿ. "ನಿನ್ನ ಕೈಲಾಗದಿದ್ರೆ ನಾನು ಮುಗಿಸ್ತೀನಿ. ಆಮೇಲೆ ನೀನು ಹೇಳೋ ಯಾವ ಕಥೆಗೂ ಜೀವ ಬರಲ್ಲ."

"ಮುಗಿಸದೆ ಹೀಗೇ ಹೇಳ್ತಾ ಹೋದ್ರೆ, ದೊಡ್ಡಮ್ಮ? ಅವಳಿಗೆ ಬೇರೆ ಮಾತು ಕೊಟ್ರೆ?"

"ಕೊಡು. ಹೇಳಿಕೊಟ್ಟಿದ್ದನ್ನ ಒಪ್ಪಿಸ್ತಾಳೆ. ಅವಳು ನಿಮ್ಮಮ್ಮ ಆಗ್ತಾಳಾ?"

ಹಿರಿಯವಳು ಅಮ್ಮನ ಬೆರಳನ್ನು ನೋಡಿದಳು. ಆಮೇಲೆ ಕಥೆ ಮುಂದುವರಿಸಿದಳು. ಗುಂಡಿ ಹೊಲಿದಾಯಿತು. ಹೆಂಗಸು ದಾರವನ್ನು ಹಲ್ಲಲ್ಲಿ ಕಡಿದು, ಕೋಟು ಕೊಡವಿ ಹಾಕಿಕೊಂಡಳು. ಬಸ್ಸಿಗೆ ಹೊತ್ತಾಯಿತೆಂದು ದಡದಡ ಮೆಟ್ಟಿಲಿಳಿದು ಹೋದಳು. ಅಲ್ಲಿಗೆ ಕಥೆ ಮುಗಿಯಿತು.

ಕುರ್ಚಿ ಖಾಲಿಯಾಯಿತು. ಮಾಟಗಾತಿಗೆ ಸಂಕಟವಾಯಿತು, ಸ್ವಲ್ಪ ಸಿಟ್ಟೂ ಬಂತು.

"ಎಲ್ಲ ನಿನ್ನ ಕೈಯಲ್ಲೇ ಇತ್ತಲ್ಲೇ. ಹೋಗೋಕೆ ಮುಂಚೆ ನಿನ್ನ ಕಡೆ ತಿರುಗಿ ಒಂದು ಮಾತಾಡೋ ಹಾಗೆ ಮಾಡಬಹುದಿತ್ತು."

"ಮಾಡಬಹುದಿತ್ತು," ಅಂದಳು ಹಿರಿಯವಳು. "ಆದ್ರೆ ಅವತ್ತು ಅಮ್ಮ ಹೋಗಿದ್ದು ಹೀಗೇ. ಸಂಜೆ ಬರೋಳಿದ್ಲಲ್ಲ, ಅದಕ್ಕೆ ಏನೂ ಹೇಳಲಿಲ್ಲ. ನಾನೂ ಹೇಳಲಿಲ್ಲ."